ಠಾಣೆಗೆ ಹೋದ ಉಂಡಿ ಡಬ್ಬಿ

ಬೆಟಗೇರಿಯ ಶಂಕ್ರೆವ್ವನ ಮನೆಯಿಂದ ಬರಿಗೈಲಿ ಹೊರಬಿದ್ದವರು ಇಲ್ಲ. ಕರೆಂಟಿನ ಮೀಟರ್ ನೋಡಲು ಬಂದವನು ಒಂದು ಹಿಡಿ ಹುರಿದ ಶೇಂಗಾ ಜೇಬಿಗಿಳಿಸಿಕೊಂಡು ಹೋಗುತ್ತಾನೆ. ಓಟು ಕೇಳಲು ಬಂದವರು, ಯಾವ ಪಕ್ಷದವರೇ ಆಗಲಿ, ಚಕ್ಕುಲಿ ಕಡಿಯುತ್ತ ಓಣಿ ದಾಟುತ್ತಾರೆ. ವಿಳಾಸ ತಪ್ಪಿ ಬಂದ ಕೊರಿಯರ್‌ನವನೊಬ್ಬ ಅಲ್ಲಿ ರೊಟ್ಟಿ, ಬದನೆಕಾಯಿ ಪಲ್ಯ ಉಂಡು, ಆಮೇಲೆ ಸರಿಯಾದ ಮನೆ ಹುಡುಕಿಕೊಂಡು ಹೋದದ್ದು ಓಣಿಯಲ್ಲಿ ಇಂದಿಗೂ ಮಾತು. "ನಮ್ಮ ಮನಿಗೆ ಕಳ್ಳ ಬಂದ್ರೂ ಈಕಿ ಬುತ್ತಿ ಕಟ್ಟಿ ಕಳಸ್ತಾಳ ನೋಡ್ರಿ," ಎಂದು ಗಂಡ ಹನಮಪ್ಪ ಮಗ್ಗದ ಸದ್ದಿನ ನಡುವೆಯೇ ಕೂಗಿ ಹೇಳುತ್ತಾನೆ. ಶಂಕ್ರೆವ್ವ ಅದನ್ನು ಹೊಗಳಿಕೆ ಎಂದೇ ತೆಗೆದುಕೊಳ್ಳುತ್ತಾಳೆ.

ಈ ಕೊಡುಗೈಯೇ ಒಂದು ಶ್ರಾವಣದಲ್ಲಿ ಅವಳ ಸ್ವಂತ ಮಗಳ ಕೇಸಿಗೆ ಕಲ್ಲು ಹಾಕಿತು.

ಮಗಳ ಹೆಸರು ಶೃತಿ. ಗದಗಿನ ಒಂದು ಆಸ್ಪತ್ರೆಯ ಲ್ಯಾಬಿನಲ್ಲಿ ರಕ್ತ ಪರೀಕ್ಷೆ ಮಾಡುತ್ತಿದ್ದವಳು ಮದುವೆಯಾದ ಮೇಲೆ ಕೆಲಸ ಬಿಟ್ಟಳು. ಬಿಟ್ಟಳು ಎನ್ನುವುದಕ್ಕಿಂತ ಗಂಡ ಬಿಡಿಸಿದ ಎನ್ನುವುದೇ ಸರಿ. ಗಂಡ ಸುಭಾಷನ ಊರು ಯಾವುದೆಂದು ಹೇಳುವುದು ಬೇಡ, ಆ ಊರಿನಲ್ಲಿರುವ ಒಳ್ಳೆಯವರಿಗೆ ಯಾಕೆ ಮುಜುಗರ? ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿ ಈ ಮೂರರ ನಡುವೆ ಎಲ್ಲೋ ಒಂದು ಕಡೆ ಎಂದುಕೊಂಡರೆ ಸಾಕು. ನೋಡಲು ಸುಭಾಷ ಬೆಣ್ಣೆಯಂಥ ಮನುಷ್ಯ. ಮಾವನ ಕಾಲು ಮುಟ್ಟಿ ನಮಸ್ಕಾರ ಮಾಡುವುದೇನು, "ಅತ್ತಿ, ನಿಮ್ಮ ಕೈಯಾನ ಅಡಗಿ ಅಂದ್ರ ಅಡಗಿ" ಎನ್ನುವುದೇನು! ಅದೇ ಸುಭಾಷನಿಗೆ ತನ್ನ ಮನೆಯ ಹೊಸ್ತಿಲು ದಾಟಿದ ಕೂಡಲೇ ಕೈ ಮುಂದೆ. ಸಾರಿಗೆ ಉಪ್ಪು ಹೆಚ್ಚಾದರೂ ಏಟು, ಹೆಂಡತಿಯ ಫೋನು ಬ್ಯುಸಿ ಬಂದರೂ ಏಟು. ಶೃತಿ ಬಹಳ ಕಾಲ ಬಾಯಿ ಬಿಡಲಿಲ್ಲ. ತವರಿಗೆ ಬಂದಾಗಲೆಲ್ಲ ಉದ್ದ ತೋಳಿನ ಚೂಡಿ ಹಾಕಿಕೊಂಡು ಬರುತ್ತಿದ್ದಳು. ಕೊನೆಗೆ ಒಂದು ಮಧ್ಯಾಹ್ನ ಅವನು ಬಲಗೈ ತಿರುಚಿದ ರಭಸಕ್ಕೆ ಮಣಿಕಟ್ಟಿನ ಎಲುಬು ಮುರಿಯಿತು. ಅವತ್ತು ಬಸ್ಸು ಹತ್ತಿ ಬೆಟಗೇರಿಗೆ ಬಂದವಳು ತಿರುಗಿ ಹೋಗಲಿಲ್ಲ.

ಗದಗಿನ ಆಸ್ಪತ್ರೆಯಲ್ಲಿ ಕೈಗೆ ಪ್ಲಾಸ್ಟರ್ ಹಾಕಿಸಿದರು. ಸುಭಾಷನ ಊರಿನ ಠಾಣೆಗೆ ಹೋಗಿ ದೂರು ಕೊಟ್ಟರು. ಎಫ್‌ಐಆರ್ ಕೂಡ ಆಯಿತು. ಇನ್ನು ಮುಗಿಯಿತು ಎಂದುಕೊಂಡರು ಪಾಪ. ಗಿರಣಿಗೆ ಜೋಳ ಸುರಿದರೆ ಹಿಟ್ಟು ತಾನಾಗಿ ಬೀಳುತ್ತದಲ್ಲ, ಠಾಣೆಗೆ ದೂರು ಕೊಟ್ಟರೂ ಹಾಗೆಯೇ ಎಂದು ಅವರ ನಂಬಿಕೆ. ತನಿಖೆ ಮಾಡಬೇಕಾಗಿದ್ದವನು ಎಎಸ್ಐ ಯಮನೂರಪ್ಪ. ಅವನು ಕೆಟ್ಟ ಮನುಷ್ಯನಲ್ಲ, ಆದರೆ ಎದ್ದು ಹೊರಡುವುದೆಂದರೆ ಅವನಿಗೆ ಜೀವ ಹೋಗುತ್ತಿತ್ತು. ಫೋನು ಮಾಡಿದಾಗೆಲ್ಲ ಒಂದೊಂದು ಕಾರಣ: ಇವತ್ತು ಬಂದೋಬಸ್ತ್, ನಾಳೆ ಸಾಹೇಬರ ಮೀಟಿಂಗ್, ನಾಡಿದ್ದು ಜೀಪು ರಿಪೇರಿ. ಆಸ್ಪತ್ರೆಯಿಂದ ಗಾಯದ ಪ್ರಮಾಣಪತ್ರ ತರಿಸಲಿಲ್ಲ, ಅಕ್ಕಪಕ್ಕದವರನ್ನು ಕೇಳಲಿಲ್ಲ, ಸುಭಾಷನ ಮನೆಯ ಕಟ್ಟೆಯನ್ನೂ ಹತ್ತಲಿಲ್ಲ. "ಗಂಡ ಹೆಂಡ್ತಿ ಅಂದಮ್ಯಾಲ ಒಂದ್ ಮಾತು ಬರತೈತಿ ಹೋಗತೈತಿ. ಸ್ವಲ್ಪ ತಡೀರಿ," ಎನ್ನುವುದು ಅವನ ಕಾಯಂ ಸಲಹೆ.

ಅಷ್ಟರಲ್ಲಿ ನಾಗರ ಪಂಚಮಿ ಬಂತು.

ಈ ಸೀಮೆಯಲ್ಲಿ ಪಂಚಮಿ ಎಂದರೆ ಉಂಡಿ. ಶೇಂಗಾ ಉಂಡಿ, ಎಳ್ಳುಂಡಿ, ರವೆ ಉಂಡಿ, ಬೇಸನ್ ಉಂಡಿ, ಅರಳಿನ ಹಿಟ್ಟಿನ ಅಳ್ಳಿಟ್ಟುಂಡಿ. ಪ್ರತಿ ವರ್ಷ ಶಂಕ್ರೆವ್ವ ಪಾಕ ತೆಗೆದರೆ ಶೃತಿ ಉಂಡಿ ಕಟ್ಟುವಳು. ಅವಳ ಮುಷ್ಟಿಯಲ್ಲಿ ಬಿಗಿದ ಉಂಡಿ ಜೋಕಾಲಿಯಿಂದ ಬಿದ್ದರೂ ಒಡೆಯದು ಎಂದು ಹನಮಪ್ಪ ಚೇಷ್ಟೆ ಮಾಡುತ್ತಿದ್ದ. ಆ ವರ್ಷ ಅವಳ ಬಲಗೈ ಮುಷ್ಟಿ ಕಟ್ಟಲು ಬಾರದು. ಶೃತಿ ಮೂಲೆಯಲ್ಲಿ ಕೂತು ನೋಡಿದಳು, ತಾಯಿ ಒಬ್ಬಳೇ ಕಟ್ಟಿದಳು.

ಹೆಣ್ಣಿನ ಕಡೆಯಿಂದ ಬೀಗರ ಮನೆಗೆ ಪಂಚಮಿ ಉಂಡಿ ಹೋಗಬೇಕು, ಇದು ರೂಢಿ. ಕೇಸು ಹಾಕಿದ ಮನೆಗೂ ಹೋಗಬೇಕೇ ಎಂದು ಯಾರನ್ನಾದರೂ ಕೇಳಿದ್ದರೆ ಬೇಡ ಎನ್ನುತ್ತಿದ್ದರು. ಶಂಕ್ರೆವ್ವ ಕೇಳಲಿಲ್ಲ. ತನ್ನ ಹೆಸರು ಕೊರೆಸಿದ ಸ್ಟೀಲ್ ಡಬ್ಬಿಗೆ ಐದೂ ಬಗೆಯ ಉಂಡಿ ತುಂಬಿ, ಮೇಲೆ ಬಟ್ಟೆ ಕಟ್ಟಿ, ಬಸ್‌ಸ್ಟ್ಯಾಂಡಿಗೆ ಹೋಗಿ ಆ ಊರಿನ ಬಸ್ಸಿನ ಕಂಡಕ್ಟರ್ ಕೈಗೆ ಕೊಟ್ಟಳು. "ಸುಮಿತ್ರವ್ವನ ಕೈಯಾಗ ಕೊಡಪಾ," ಎಂದು ಎರಡೆರಡು ಸಲ ಹೇಳಿದಳು. ಸುಮಿತ್ರವ್ವ ಎಂದರೆ ಸುಭಾಷನ ತಾಯಿ. ಕಂಡಕ್ಟರನಿಗೂ ಎರಡು ಉಂಡಿ ಸಿಕ್ಕವು. ಮನೆಯಲ್ಲಿ ಯಾರಿಗೂ ಈ ಸುದ್ದಿ ಹೇಳಲಿಲ್ಲ.

ಹಬ್ಬ ಕಳೆದ ಮೇಲೆ ತಾಯಿ ಮಗಳು ಕೇಸಿನ ಗತಿ ಕೇಳಲು ಠಾಣೆಗೆ ಹೋದರು. ಯಮನೂರಪ್ಪ ಅಂದು ಎಂದಿಗಿಂತ ಹೆಚ್ಚು ಹಸನ್ಮುಖಿ.

"ಬರ್ರಿ ಬರ್ರಿ ಅವ್ವಾರ, ಕುಂಡ್ರಿ. ಏ, ಚಾ ತರ್ರೀ ಇವ್ರಿಗೆ! ಏನ್ ಉಂಡಿರೀ ಅವು, ಆಹಾ! ಸ್ಟೇಷನ್ ಮಂದಿ ಎಲ್ಲಾ ತಿಂದ್ರು."

ಶಂಕ್ರೆವ್ವ ತಟ್ಟನೆ ತಿರುಗಿದಳು. ಚಹಾ ಮಾಡುವ ಮೂಲೆಯತ್ತ ನೋಡಿದರೆ ಒಲೆಯ ಪಕ್ಕ ಅವಳದೇ ಡಬ್ಬಿ! ಮುಚ್ಚಳದ ಮೇಲೆ 'ಶಂಕ್ರೆವ್ವ ಹನಮಪ್ಪ, ಬೆಟಗೇರಿ' ಎಂದು ಕೊರೆದದ್ದು ಇಲ್ಲಿಂದಲೇ ಕಾಣುತ್ತಿತ್ತು. ಠಾಣೆಯವರು ಅದರಲ್ಲಿ ಸಕ್ಕರೆ ತುಂಬಿಟ್ಟುಕೊಂಡಿದ್ದರು.

"ಸುಭಾಷ ತಂದುಕೊಟ್ಟ," ಯಮನೂರಪ್ಪ ಮುಂದುವರಿಸಿದ. "ನೋಡ್ರಿ ಸರ್, ಹಬ್ಬಕ್ಕ ಉಂಡಿ ಕಳಿಸ್ಯಾರ, ನಾವೂ ಅವ್ರೂ ಒಂದಾಗೀವಿ ಅಂದ. ಎರಡೂ ಕಡೆ ರಾಜಿ ಆಗೇತಿ ಅಂತ ಬರಕೊಂಡೀನಿ. ಚಲೋ ಆತ್ ಬಿಡ್ರಿ."

ಶೃತಿ ತಾಯಿಯ ಕಡೆ ತಿರುಗಿ ನೋಡಿದಳು. ಬೈಯಲಿಲ್ಲ. ಬೈದಿದ್ದರೆ ಶಂಕ್ರೆವ್ವನಿಗೆ ಎಷ್ಟೋ ಹಗುರಾಗುತ್ತಿತ್ತು. "ನಾ ರಾಜಿ ಆಗಿಲ್ರೀ," ಎಂದಷ್ಟೇ ಯಮನೂರಪ್ಪನಿಗೆ ಹೇಳಿ ಚಹಾ ಮುಟ್ಟದೆ ಎದ್ದಳು. ಮನೆಗೆ ಬಂದವಳು ತಾಯಿ ಮಾಡಿದ ರೊಟ್ಟಿ ತಿಂದಳು, ಸಾರು ಉಂಡಳು. ಗೂಡಿನಲ್ಲಿದ್ದ ಉಂಡಿಯನ್ನು ಮಾತ್ರ ಮುಟ್ಟಲಿಲ್ಲ.

ಎರಡು ದಿನಕ್ಕೆ ಸುಭಾಷನ ಫೋನು ಬಂತು. "ನಿನ್ನ ಕೇಸ್ ಎಲ್ಲೈತಿ? ನಿಮ್ಮವ್ವನ ಉಂಡ್ಯಾಗ ಕರಗಿ ಹೋತು. ಒಂದಿನ ಬರತೀನಿ, ಬಟ್ಟಿ-ಅರಬಿ ಗಂಟು ಕಟ್ಟಿಕೊಂಡು ರೆಡಿ ಇರು." ಹಳೆಯ ಲ್ಯಾಬಿನವರು ಆಗಷ್ಟೇ ಶೃತಿಯನ್ನು ಮತ್ತೆ ಕೆಲಸಕ್ಕೆ ಕರೆದಿದ್ದರು. ಆ ಫೋನು ಬಂದ ಮೇಲೆ ಅವಳು ಓಣಿಯ ತುದಿಯವರೆಗೂ ಒಬ್ಬಳೇ ಹೋಗಲಿಲ್ಲ. ಪೊಲೀಸರೇ ಕೇಸು ಮಲಗಿಸಿದ್ದಾರೆ, ಇನ್ನು ತನ್ನನ್ನು ಕೇಳುವವರಿಲ್ಲ ಎಂಬ ಧೈರ್ಯ ಸುಭಾಷನಿಗೆ ಬಂದುಬಿಟ್ಟಿತ್ತು. ಅದಕ್ಕೆ ಕಾರಣ ತಾನು ಎಂಬುದು ಶಂಕ್ರೆವ್ವನ ತಲೆಯಿಂದ ಹೋಗಲಿಲ್ಲ. ಗಂಡನ ಮಗ್ಗಕ್ಕೆ ಕಂಡಿಕೆ ಸುತ್ತಲು ಕೂತರೆ ನೂಲು ಸಿಕ್ಕಾಗುತ್ತಿತ್ತು. ಮಗಳ ಕೇಸನ್ನು ಮತ್ತೆ ಎಬ್ಬಿಸದೆ ತನಗೆ ಸಮಾಧಾನವಿಲ್ಲ ಎಂದು ಅವಳಿಗೆ ಗೊತ್ತಾಯಿತು.

ಪಕ್ಕದ ಮನೆಯ ಬುಡ್ಡೇಸಾಬನ ಮಗ ಜಾವೀದ ಗದಗಿನಲ್ಲಿ ವಕೀಲ. ಪಂಚಮಿಗೆ ಈ ಮನೆಯ ಉಂಡಿ ಆ ಮನೆಗೆ, ರಮಜಾನಕ್ಕೆ ಆ ಮನೆಯ ಸುರಕುಂಬಾ ಪಾಯಸ ಈ ಮನೆಗೆ ಒಯ್ದು ಕೊಡುತ್ತ ಬೆಳೆದವನು. ಶಂಕ್ರೆವ್ವ ಕಥೆ ಹೇಳಿದಾಗ ಅವನು ಮೊದಲು ನಕ್ಕ, ಆಮೇಲೆ ಶೃತಿಯ ಮುಖ ನೋಡಿ ನಗು ನುಂಗಿದ.

"ದೊಡ್ಡವ್ವಾ, ಅಳಬ್ಯಾಡ. ಇಂಥಾ ಕೇಸು ಪೊಲೀಸ್ರು ತಾವ ರಾಜಿ ಅಂತ ಬರದು ಮುಗಸಾಕ ಬರಂಗಿಲ್ಲ. ತನಿಖಿ ಎಲ್ಲಿಗೆ ಬಂತು ಅಂತ ಶೃತಿಗೆ ಅವರ ತಿಳಸಬೇಕಿತ್ತು, ಅದನ್ನೂ ಮಾಡಿಲ್ಲ. ಈಗ ಎರಡು ಕೆಲಸ ಮಾಡೂನು. ಸುಭಾಷ ಈಕಿ ಹತ್ರ ಸುಳೀಬಾರ್ದು, ಫೋನ್ ಹಚ್ಚಬಾರ್ದು ಅಂತ ಇಲ್ಲೆ ಗದಗ ಕೋರ್ಟಿನ್ಯಾಗ ಅರ್ಜಿ. ಅದಕ್ಕ ಪೊಲೀಸ್ರ ದಾರಿ ಕಾಯೂದು ಬೇಕಾಗಿಲ್ಲ. ಇನ್ನೊಂದು, ಆ ಠಾಣೆ ಯಾವ ಮ್ಯಾಜಿಸ್ಟ್ರೇಟರ ಕೈಯಾಗ ಬರತೈತಿ, ಅವರ ಮುಂದ. ತನಿಖಿ ಯಾಕ ನಿಂತೈತಿ ಅಂತ ಕೇಳ್ರಿ, ಸರಿಯಾಗಿ ಮಾಡಾಕ ಹೇಳ್ರಿ ಅಂತ."

"ಅವರ ಮಾತೂ ಕೇಳದಿದ್ರ?" ಶೃತಿ ಕೇಳಿದಳು.

"ಧಾರವಾಡಕ್ಕ ಹೈಕೋರ್ಟ್ ಯಾಕ ಕಟ್ಯಾರ ಮತ್ತ? ಮೊದಲ ಇಲ್ಲಿ ನೋಡೂನು." ಆಮೇಲೆ ಶಂಕ್ರೆವ್ವನ ಕಡೆ ತಿರುಗಿದ. "ಅಲ್ಲ ದೊಡ್ಡವ್ವಾ, ಆ ಮನಿಗೆ ಉಂಡಿ ಯಾಕ ಕಳಿಸಿದಿ? ಕೋರ್ಟಿನ್ಯಾಗ ಕೇಳತಾರ."

ಶಂಕ್ರೆವ್ವ ಸೆರಗಿನ ತುದಿ ಹಿಂಡುತ್ತ ಹೇಳಿದಳು. "ಅಳಿಯಾಗ ಕಳಿಸಿಲ್ಲೋ ತಮ್ಮಾ, ಬೀಗತಿಗೆ ಕಳಿಸಿದ್ದು. ಈಕಿ ಕೈ ಮುರದ ದಿನ ಅರಿಷಿಣ ಹಚ್ಚಿ, ಪಟ್ಟಿ ಕಟ್ಟಿ, ಹಿತ್ತಲ ಬಾಗಲದಿಂದ ಕರಕೊಂಡು ಹೋಗಿ ಬಸ್ ಹತ್ತಿಸಿದಾಕಿ ಸುಮಿತ್ರವ್ವ. ಅಂಥಾಕಿಗೆ ಹಬ್ಬದ ದಿನ ಒಂದ್ ಉಂಡಿ ಕಳಿಸಬಾರದೇನು?"

ಜಾವೀದ ಕುರ್ಚಿಯಲ್ಲಿ ನೆಟ್ಟಗೆ ಕೂತ. "ಅಂದ್ರ ಕಣ್ಣಾರೆ ನೋಡಿದಾಕಿ ಅದಾಳ! ಶೃತಿ, ಇದನ್ನ ಯಾಕ ಹೇಳಲಿಲ್ಲ?"

"ಅತ್ತಿ ಅದ ಮನ್ಯಾಗ ಇರಬೇಕಲ್ಲ," ಶೃತಿ ತಲೆ ಬಗ್ಗಿಸಿದಳು. "ಅಕಿ ಹೆಸರು ಬಂದ್ರ ಅಂವ ಅಕೀನ ಬಿಡತಾನೇನು? ಕೇಳದ ಅಕಿ ಹೆಸರು ತಗೀಬ್ಯಾಡ್ರಿ."

ಹಾಗಾದರೆ ಕೇಳಿಯೇ ಬಿಡುತ್ತೇನೆ ಎಂದು ಶಂಕ್ರೆವ್ವ ಹೊರಟಳು. ಬಸ್‌ಸ್ಟ್ಯಾಂಡಿನಲ್ಲಿ ಅದೇ ಕಂಡಕ್ಟರ್ ಸಿಕ್ಕ. ಅವಳನ್ನು ಕಂಡವನೇ ಕಿವಿ ಹಿಡಿದುಕೊಂಡ. ಸ್ಟಾಪಿನಲ್ಲಿ ಸುಭಾಷನೇ ನಿಂತು, ನಮ್ಮವ್ವನ ಡಬ್ಬಿ ಕೊಡು ಎಂದು ಇಸಿದುಕೊಂಡನಂತೆ. ಸುಮಿತ್ರವ್ವ ಈಗ ಆ ಊರಲ್ಲಿ ಇಲ್ಲ, ಮಗನ ಜೊತೆ ಜಗಳಾಡಿ ಶಿರಹಟ್ಟಿಯ ತಮ್ಮನ ಮನೆಗೆ ಹೋಗಿದ್ದಾಳೆ ಎಂಬ ಖಬರನ್ನೂ ಅವನೇ ಕೊಟ್ಟ. ಶಂಕ್ರೆವ್ವ ಶಿರಹಟ್ಟಿ ಬಸ್ಸು ಹತ್ತಿದಳು. ಕೈಯಲ್ಲಿ ಒಂದು ಡಜನ್ ಬಾಳೆಹಣ್ಣು. ಬಾಳೆಹಣ್ಣಿಗೆ ಯಾರೂ ರಾಜಿ ಎನ್ನಲಾರರು ಎಂದು ದಾರಿಯುದ್ದಕ್ಕೂ ಲೆಕ್ಕ ಹಾಕಿಕೊಂಡೇ ಹೋದಳು.

ಸುಮಿತ್ರವ್ವ ಕಟ್ಟೆಯ ಮೇಲೆ ಕೂತು ಮೆಂತ್ಯೆ ಸೋಸುತ್ತಿದ್ದಳು. ಬೀಗತಿಯನ್ನು ನೋಡಿ ಎದ್ದು ನೀರು ಕೊಟ್ಟಳು. ಬಾಳೆಹಣ್ಣು ನೋಡಿ ಮುಖ ಸಪ್ಪಗೆ ಮಾಡಿದಳು.

"ಉಂಡಿ ತಂದಿಲ್ಲೇನು?"

ಶಂಕ್ರೆವ್ವನಿಗೆ ನಗುವೋ ಅಳುವೋ ತಿಳಿಯಲಿಲ್ಲ. "ಕಳಿಸಿದ್ದೆನಲ್ಲ ಬೀಗತಿ, ಡಬ್ಬಿ ತುಂಬ!"

"ಗೊತ್ತೈತಿ. ನನ್ನ ಬಾಯಾಗ ಒಂದೂ ಬೀಳಲಿಲ್ಲ. ಗಾಡಿ ಮ್ಯಾಲ ಸೀದಾ ಠಾಣೆಗೆ ಒಯ್ದ. ನನಗ ಬಂದಿದ್ದನ್ನ ಒಯ್ಯಾಕ ನೀ ಯಾವಾಂವ ಅಂತ ಕೇಳಿದ್ದಕ್ಕ ನನ್ನ ಮ್ಯಾಲೂ ಕೈ ಎತ್ತಿದ. ಅವತ್ತ ಚೀಲ ತಗೊಂಡು ಬಂದೆ."

ಇಬ್ಬರೂ ಸ್ವಲ್ಪ ಹೊತ್ತು ಮೆಂತ್ಯೆ ಸೋಸಿದರು. ಶಂಕ್ರೆವ್ವ ಬಂದ ಕೆಲಸ ಹೇಳಿದಳು. ಸುಮಿತ್ರವ್ವನ ಕೈ ನಿಂತಿತು.

"ಅಂವ ನಾ ಹಡದ ಮಗ," ಎಂದಳು. ಶಂಕ್ರೆವ್ವ ಹೂಂ ಎಂದಳು.

"ಇವನಪ್ಪನೂ ಹಿಂಗ ಇದ್ದ. ಆಗ ನನ್ನ ಯಾರೂ ಬಸ್ ಹತ್ತಿಸಲಿಲ್ಲ." ಸುಮಿತ್ರವ್ವ ಮತ್ತೆ ಸೊಪ್ಪಿಗೆ ಕೈ ಹಾಕಿದಳು. "ಕೇಳಿದ್ರ ಹೇಳತೀನಿ. ನೋಡಿದ್ದನ್ನ ಹೇಳಾಕ ನನಗೇನ್ ಅಂಜಿಕಿ? ಆದ್ರ ಇಷ್ಟು ದಿನಾ ಯಾರ್ ಬಂದು ಕೇಳ್ಯಾರ?"

ಗದಗಿನ ಕೋರ್ಟು ಬೇಗ ಆದೇಶ ಕೊಟ್ಟಿತು: ಸುಭಾಷ ಶೃತಿಯ ಮನೆಯ ಹತ್ತಿರವಾಗಲಿ ಕೆಲಸದ ಜಾಗದ ಹತ್ತಿರವಾಗಲಿ ಬರಕೂಡದು, ಫೋನು ಮಾಡಕೂಡದು. ತನಿಖೆಯ ಅರ್ಜಿ ಮಾತ್ರ ಇನ್ನೊಂದು ತಾಲೂಕಿನ ಮ್ಯಾಜಿಸ್ಟ್ರೇಟರ ಮುಂದೆ ಬಂತು. ಆ ದಿನ ಕೋರ್ಟಿನ ಗೇಟಿನಲ್ಲೇ ಜಾವೀದ ಶಂಕ್ರೆವ್ವನನ್ನು ತಡೆದ.

"ದೊಡ್ಡವ್ವಾ, ಚೀಲ ತೋರಸು."

"ಏನಿಲ್ಲೋ."

ಚೀಲದಲ್ಲಿ ಸಣ್ಣ ಡಬ್ಬಿಯೊಂದಿತ್ತು, ಅದರೊಳಗೆ ನಾಲ್ಕು ಎಳ್ಳುಂಡಿ. ಜಾವೀದ ಹಣೆ ಹಣೆ ಬಡಿದುಕೊಂಡ. "ಜಡ್ಜ್ ಮೇಡಂಗೆ ಕೊಡಾಕೇನು? ಇವತ್ತ ನಿನ್ನನ್ನ ಒಳಗ ಹಾಕತಾರ!" ಡಬ್ಬಿಯನ್ನು ತನ್ನ ಗಾಡಿಯ ಡಿಕ್ಕಿಯಲ್ಲಿಟ್ಟು ಕೀಲಿ ಹಾಕಿದ. "ಒಬ್ಬಾಕಿ ಹೆಣ್ಮಗಳು ಮುಂಜಾನಿಂದ ಕುಂತಿರತಾಳ, ಹಸದಿರತಾಳ ಅಂತ ತಂದೆ," ಎಂದು ಶಂಕ್ರೆವ್ವ ಗೊಣಗಿದಳು. ಶೃತಿಯ ತುಟಿಯ ಮೇಲೆ ಬಹಳ ದಿನಗಳ ಮೇಲೆ ಒಂದು ಸಣ್ಣ ನಗು ಬಂತು, ತಾಯಿ ನೋಡುವಷ್ಟರಲ್ಲಿ ಹೋಯಿತು.

ಮ್ಯಾಜಿಸ್ಟ್ರೇಟರು ಮೈಸೂರು ಕಡೆಯವರು. ಠಾಣೆಯ ವರದಿ ಓದಿ ಕನ್ನಡಕ ಸರಿಮಾಡಿಕೊಂಡರು. "ಉಭಯ ಕುಟುಂಬಗಳು ಹಬ್ಬದ ಉಂಡಿ ವಿನಿಮಯ ಮಾಡಿಕೊಂಡು ರಾಜಿಯಾಗಿರುತ್ತವೆ. ಏನಿದು? ದೂರು ಕೊಟ್ಟವರು ರಾಜಿಗೆ ಒಪ್ಪಿದ್ದೇನೆ ಎಂದು ಎಲ್ಲಿ ಹೇಳಿದ್ದಾರೆ?"

ಯಮನೂರಪ್ಪ ಟೊಪ್ಪಿಗೆಯನ್ನು ಕಂಕುಳಲ್ಲಿ ಒತ್ತಿಕೊಂಡ. "ಅವರು ಹೇಳಿಲ್ರೀ ಮೇಡಂ. ಉಂಡಿ ಬಂದಿತ್ರೀ."

"ಉಂಡಿ ಬಂದು ಹೇಳಿಕೆ ಕೊಟ್ಟಿತೇ?"

ಕೋರ್ಟಿನಲ್ಲಿ ಎಲ್ಲರೂ ನಕ್ಕರು, ಶಂಕ್ರೆವ್ವ ಒಬ್ಬಳನ್ನು ಬಿಟ್ಟು. ಅವಳು ಜಾವೀದನ ಕೋಟು ಜಗ್ಗಿ, ಅವನು ಬೇಡ ಎನ್ನುವುದರೊಳಗೆ ಎದ್ದು ನಿಂತೇಬಿಟ್ಟಳು. "ತಪ್ಪು ನಂದ್ರೀ ಅವ್ವಾರ. ಉಂಡಿ ಕಳಿಸಿದಾಕಿ ನಾನು. ನನ್ನ ಮಗಳಿಗೆ ಗೊತ್ತ ಇರಲಿಲ್ಲ. ಪಂಚಮಿಗೆ ಬೀಗರ ಮನಿಗೆ ಉಂಡಿ ಕಳಿಸೂದು ನಮ್ಮ ಕಡೆ ರೂಢಿ ಐತ್ರಿ, ಅದು ರಾಜಿ ಅಲ್ರೀ. ನಾ ಕಳಿಸಿದ್ದು ಬೀಗತಿಗೆ. ಮಗಳನ್ನ ಬಸ್ ಹತ್ತಿಸಿ ಉಳಿಸ್ಯಾಳಂತ ಕಳಿಸಿದೆ. ಇವರು ಒಂದಿನ ಅಕೀನ ಕೇಳಿದ್ರ ಅಕಿ ಎಲ್ಲಾ ಹೇಳತಿದ್ಲು. ಕೇಳಾಕ ಹೋಗಲಿಲ್ಲ, ನನ್ನ ಉಂಡಿ ತಿಂದು ಕುಂತ್ರು. ನನ್ನ ಡಬ್ಬೀನೂ ಕೊಟ್ಟಿಲ್ರೀ."

ಮಗಳ ಎದುರಿಗೆ, ತುಂಬಿದ ಕೋರ್ಟಿನಲ್ಲಿ ತಪ್ಪು ಒಪ್ಪಿಕೊಳ್ಳುವುದು ಅವಳಿಗೆ ಸುಲಭದ ಮಾತಾಗಿರಲಿಲ್ಲ. ಮೇಡಂ ಈ ಸಲ ನಗಲಿಲ್ಲ. ಕೂರುವಂತೆ ಕೈಮಾಡಿ, ಯಮನೂರಪ್ಪನ ಕಡೆ ನೋಡಿದರು. "ಮನೆಯೊಳಗೇ ಒಬ್ಬರು ಸಾಕ್ಷಿ ಇದ್ದಾರೆ. ಇಷ್ಟು ತಿಂಗಳು ಅವರನ್ನು ಮಾತಾಡಿಸಿಲ್ಲ. ಆಸ್ಪತ್ರೆಯ ಪ್ರಮಾಣಪತ್ರವೂ ಇಲ್ಲ. ಯಾಕೆ?"

ಯಮನೂರಪ್ಪನ ಬಳಿ ಬಂದೋಬಸ್ತ್, ಮೀಟಿಂಗ್, ಜೀಪು ಮೂರೂ ಇದ್ದವು. ಆದರೆ ಒಂದೂ ಬಾಯಿಗೆ ಬರಲಿಲ್ಲ. ಮೇಡಂ ಅಲ್ಲೇ ಬರೆಸಿದರು: ತನಿಖೆಯನ್ನು ಸರಿಯಾಗಿ ಮುಂದುವರಿಸಬೇಕು, ಸಾಕ್ಷಿಗಳ ಹೇಳಿಕೆ ಪಡೆಯಬೇಕು, ಆಸ್ಪತ್ರೆಯ ದಾಖಲೆ ತರಿಸಬೇಕು, ಮುಗಿಯುವವರೆಗೆ ಪ್ರತಿ ತಾರೀಖಿಗೆ ಎಲ್ಲಿಗೆ ಬಂತೆಂದು ಕೋರ್ಟಿಗೆ ಬಂದು ತಿಳಿಸಬೇಕು. ಠಾಣೆಯ ಸಾಹೇಬರಿಗೂ ಪ್ರತಿ ಹೋಗಲಿ ಎಂದರು. ಹಿಂದಿರುಗುವಾಗ ಶೃತಿ ಬಸ್ಸಿನಲ್ಲಿ ತಾಯಿಯ ಪಕ್ಕದಲ್ಲೇ ಕೂತಳು.

ಆಮೇಲೆ ನೋಡಬೇಕಿತ್ತು ಯಮನೂರಪ್ಪನ ಓಡಾಟ! ರಿಪೇರಿಯಾಗದ ಜೀಪು ಶಿರಹಟ್ಟಿಯವರೆಗೆ ಓಡಿತು. ಮಹಿಳಾ ಪೇದೆಯೊಬ್ಬಳು ಜೊತೆಗಿದ್ದಳು. ಸುಮಿತ್ರವ್ವ ತಮ್ಮನ ಮನೆಯ ಕಟ್ಟೆಯ ಮೇಲೆ ಕೂತು, ನೋಡಿದ್ದನ್ನೆಲ್ಲ ಹೇಳಿದಳು. ಗದಗಿನ ಆಸ್ಪತ್ರೆಯಿಂದ ಪ್ರಮಾಣಪತ್ರ ಬಂತು; ಪಕ್ಕದ ಮನೆಯವರಿಗೂ ತಾವು ಕೇಳಿದ ಕಿರುಚಾಟ ನೆನಪಾಯಿತು. ಆರೋಪಪಟ್ಟಿ ಕೋರ್ಟಿಗೆ ಹೋಯಿತು. ಸುಭಾಷನ ಫೋನು ಮತ್ತೆ ಬರಲಿಲ್ಲ. ಶೃತಿ ಲ್ಯಾಬಿನ ಕೆಲಸಕ್ಕೆ ಸೇರಿದಳು, ಮೊದಮೊದಲು ಹನಮಪ್ಪನ ಜೊತೆ, ಆಮೇಲೆ ಒಬ್ಬಳೇ.

ಮುಂದಿನ ಶ್ರಾವಣಕ್ಕೆ ಸಾಕ್ಷಿ ಹೇಳುವ ಸಮನ್ಸು ಹಿಡಿದುಕೊಂಡು ಯಮನೂರಪ್ಪ ಬೆಟಗೇರಿಗೆ ಬಂದ. ಇನ್ನೊಂದು ಕೈಯಲ್ಲಿ ಶಂಕ್ರೆವ್ವನ ಡಬ್ಬಿ, ಫಳಫಳ ತೊಳೆದದ್ದು.

"ನಿಮ್ಮ ಡಬ್ಬಿರೀ ಅವ್ವಾರ. ಖಾಲಿ ಡಬ್ಬಿ ಹೊಳ್ಳಿ ಕೊಡಬಾರ್ದಂತ ನಮ್ಮ ಮನಿಯಾಕಿ ಶಂಕರಪಾಳಿ ಹಾಕಿ ಕಳಿಸ್ಯಾಳ."

ಬಂದ ಪಾತ್ರೆಯನ್ನು ಬರಿದಾಗಿ ತಿರುಗಿಸಬಾರದು ಎಂಬುದನ್ನು ಶಂಕ್ರೆವ್ವನಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಅವಳ ಕೈ ತಾನಾಗಿ ಡಬ್ಬಿಯತ್ತ ಹೋಯಿತು, ಬಾಯಲ್ಲಿ "ಕುಂಡ್ರಿ, ಉಂಡಿ ತಿಂದು ಹೋಗ್ರಿ" ಎಂಬ ಮಾತು ಬಂದೇಬಿಟ್ಟಿತ್ತು. ಅದನ್ನು ಕಚ್ಚಿ ಹಿಡಿದಳು. ಹಳೆಯ ಪೇಪರು ತಂದು ಹಾಸಿ, ಶಂಕರಪಾಳಿಯನ್ನೆಲ್ಲ ಅದಕ್ಕೆ ಸುರುವಿ, ಪೊಟ್ಟಣ ಕಟ್ಟಿ ಅವನ ಕೈಗೇ ಇಟ್ಟಳು.

"ನಿಮ್ಮ ಮನಿಯಾಕಿಗೆ ನಾ ಕೈ ಮುಗದೆ ಅಂತ ಹೇಳ್ರಿ. ಇದನ್ನ ಇಟಗೊಂಡ್ರ ನಾವೂ ನೀವೂ ರಾಜಿ ಆದ್ವಿ ಅಂತ ಯಾರರ ಬರಕೊಂಡಾರು. ಇನ್ನ ಕೋರ್ಟಿನ್ಯಾಗ ನಿಂತು ಹೇಳೂದೈತಿ ನನಗ."

ಯಮನೂರಪ್ಪ ನೀರಷ್ಟೇ ಕುಡಿದು ಹೋದ. ಅವನ ಬೆನ್ನು ಓಣಿಯ ತಿರುವಿನಲ್ಲಿ ಮರೆಯಾಗುವವರೆಗೆ ಶಂಕ್ರೆವ್ವನ ಜೀವ ಚಡಪಡಿಸಿತು. ಅವಳ ಮನೆಯಿಂದ ಒಬ್ಬ ಮನುಷ್ಯ ಏನೂ ತಿನ್ನದೆ ಹೋದದ್ದು ಅದೇ ಮೊದಲು. ಮಗ್ಗ ನಿಲ್ಲಿಸಿದ ಹನಮಪ್ಪ ಹೆಂಡತಿಯನ್ನು ನೋಡಿದ, ಚೇಷ್ಟೆ ಮಾಡಲಿಲ್ಲ.

ಸಂಜೆ ಕೆಲಸದಿಂದ ಬಂದ ಶೃತಿ ಕಟ್ಟೆಯ ಮೇಲಿದ್ದ ಡಬ್ಬಿಯನ್ನು ಎತ್ತಿ ಅಲುಗಾಡಿಸಿದಳು.

"ಖಾಲಿ ಐತೇನು?"

"ಹೂಂ," ಎಂದಳು ಶಂಕ್ರೆವ್ವ. ಅವಳ ಮುಂದಿನ ಪರಾತದಲ್ಲಿ ಎಳ್ಳು ಬೆಲ್ಲದ ಪಾಕ ಬಿಸಿ ಆರುತ್ತಿತ್ತು.

ಶೃತಿ ಕೈ ತೊಳೆದು ಬಂದು ಎದುರಿಗೆ ಕೂತಳು. "ಭಾನುವಾರ ರಜಾ ಐತಿ. ಈ ಸಲ ಅತ್ತಿ ಪಾಲಿನ ಉಂಡಿ ಯಾವ ಕಂಡಕ್ಟರ ಕೈಯಾಗೂ ಬ್ಯಾಡ. ಶಿರಹಟ್ಟಿಗೆ ನಾನ ಒಯ್ತೀನಿ."

ಹೇಳುತ್ತಲೇ ಒಂದು ಹಿಡಿ ಪಾಕ ತೆಗೆದು ಬಲಗೈ ಮುಷ್ಟಿಯಲ್ಲಿ ಒತ್ತಿದಳು. ಮಣಿಕಟ್ಟು ಸ್ವಲ್ಪ ನೋಯಿತೋ ಏನೋ, ಹುಬ್ಬು ಗಂಟಾಯಿತು. ಆದರೂ ಬಿಡಲಿಲ್ಲ, ಇನ್ನೊಮ್ಮೆ ಬಿಗಿದಳು. ಮುಷ್ಟಿ ಬಿಚ್ಚಿದಾಗ ಉಂಡಿ ದುಂಡಗೆ, ಗಟ್ಟಿಯಾಗಿ ಕೂತಿತ್ತು. ಶಂಕ್ರೆವ್ವ ಡಬ್ಬಿಯನ್ನು ಮುಂದೆ ಸರಿಸಿದಳು. ಶೃತಿ ಆ ಮೊದಲ ಉಂಡಿಯನ್ನು ಡಬ್ಬಿಗೆ ಹಾಕದೆ ತಾನೇ ಕಚ್ಚಿ ತಿಂದಳು.